ಎದುರುಮನೆಯ ಕಿಟಕಿ ಕಾಣುತ್ತದೆ, ನಮ್ಮ ಹಿತ್ತಲು ಕಾಣುವುದಿಲ್ಲ

ಪ್ರಶ್ನೆ: ಎರಡು ತಿಂಗಳ ಹಿಂದೆ ನಮ್ಮ ಹಿತ್ತಲಿನಿಂದ ಮಗಳ ಸೈಕಲ್ ಕಳುವಾಯಿತು. ಆ ವಾರವೇ ನನ್ನ ಪತಿ ನಾಲ್ಕು ಕ್ಯಾಮೆರಾ ಹಾಕಿಸಿದರು. ಒಂದು ಮುಂಬಾಗಿಲ ಮೇಲೆ ಸೂರಿನ ಅಂಚಿನಲ್ಲಿ, ಒಂದು ಗೇಟಿನ ಬಳಿ, ಒಂದು ನಡುಮನೆಯಲ್ಲಿ, ಇನ್ನೊಂದು ಅತ್ತೆಯವರ ಕೋಣೆಯಲ್ಲಿ. ಅತ್ತೆಯವರಿಗೆ ಎಂಬತ್ತು ದಾಟಿದೆ. ಹಗಲು ನೋಡಿಕೊಳ್ಳಲು ಒಬ್ಬ ಹೆಂಗಸು ಬರುತ್ತಾರೆ. ಈಗ ಎದುರುಮನೆಯವರು ‘ನಿಮ್ಮ ಕ್ಯಾಮೆರಾ ನಮ್ಮ ಅಡುಗೆಮನೆಯನ್ನೇ ನೋಡುತ್ತಿದೆ’ ಎಂದು ಮುನಿಸಿಕೊಂಡಿದ್ದಾರೆ. ಹದಿನಾಲ್ಕು ವರ್ಷದ ಮಗಳು ಶಾಲೆಯಿಂದ ಬಂದೊಡನೆ ನಡುಮನೆಯ ಕ್ಯಾಮೆರಾಕ್ಕೆ ಟವೆಲ್ ಹೊದಿಸುತ್ತಾಳೆ. ಪತಿ ಕಚೇರಿಯಿಂದ ಫೋನ್ ಮಾಡಿ ‘ಅದನ್ನು ತೆಗೆಸು’ ಎನ್ನುತ್ತಾರೆ. ಮನೆಗೆ ಕಾವಲೂ ಬೇಕು, ಯಾರಿಗೂ ಮುಜುಗರವೂ ಆಗಬಾರದು. ಏನು ಮಾಡಲಿ?

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಸೈಕಲ್ ಹೋದದ್ದು ಹಿತ್ತಲಿನಿಂದ. ಕ್ಯಾಮೆರಾ ಬಂದದ್ದು ಮುಂಬಾಗಿಲಿಗೆ, ಗೇಟಿಗೆ, ನಡುಮನೆಗೆ, ಅತ್ತೆಯವರ ಕೋಣೆಗೆ. ನಾಲ್ಕರಲ್ಲಿ ಒಂದಾದರೂ ಹಿತ್ತಲನ್ನು ನೋಡುತ್ತಿದೆಯೇ ಎಂದು ಹುಡುಕಿದೆ, ಇಲ್ಲ. ನಾಳೆ ಇನ್ನೊಂದು ಸೈಕಲ್ ಇಟ್ಟರೆ ಅದೇ ಕಳ್ಳ ಅದೇ ದಾರಿಯಲ್ಲಿ ಬಂದು ನೆಮ್ಮದಿಯಾಗಿ ಒಯ್ಯಬಹುದು.

ನಿಮ್ಮ ಪತಿಯನ್ನು ಹಂಗಿಸಲು ಇದನ್ನು ಹೇಳುತ್ತಿಲ್ಲ. ಮನೆಗಳಿಗೆ ಕ್ಯಾಮೆರಾ ಕೂರಿಸುವ, ಕೆಟ್ಟರೆ ಸರಿಪಡಿಸುವ ಕೆಲಸದಲ್ಲಿ ಬಹಳ ವರ್ಷ ಕಳೆದಿದ್ದೇನೆ. ಕಳವಾದ ಮನೆಯವರು ಗಾಬರಿಯಲ್ಲಿ ‘ಎಲ್ಲ ಕಡೆ ಹಾಕಿಬಿಡಿ’ ಎನ್ನುತ್ತಾರೆ. ಹಾಕಲು ಬಂದವನು ತಂತಿ ಸುಲಭವಾಗಿ ಎಲ್ಲಿಗೆ ಎಟಕುತ್ತದೋ ಅಲ್ಲಿ ಹಾಕಿ ಹೋಗುತ್ತಾನೆ. ಯಾವ ಕ್ಯಾಮೆರಾ ಯಾವ ಕೆಲಸಕ್ಕೆ ಎಂದು ಯಾರೂ ಕೇಳುವುದಿಲ್ಲ. ಖಾಸಗಿತನದ ಜಗಳಗಳಲ್ಲಿ ಹೆಚ್ಚಿನವು ಹುಟ್ಟುವುದು ಇಲ್ಲಿಯೇ. ನಾನು ಕಂಡಂತೆ ನೆರೆಯವರನ್ನು ಕಾಡುವ ಕ್ಯಾಮೆರಾ ಸಾಮಾನ್ಯವಾಗಿ ತನ್ನ ಮನೆಯನ್ನೂ ಸರಿಯಾಗಿ ಕಾಯುತ್ತಿರುವುದಿಲ್ಲ. ಎರಡೂ ಒಂದೇ ತಪ್ಪಿನ ಫಲ.

ಮುಂಬಾಗಿಲಿನ ಕ್ಯಾಮೆರಾವನ್ನೇ ತೆಗೆದುಕೊಳ್ಳಿ. ಸ್ವಲ್ಪ ಲೆಕ್ಕ ಮಾಡೋಣ. ಫುಲ್ ಎಚ್‌ಡಿ ಕ್ಯಾಮೆರಾದ ಚಿತ್ರ ಅಡ್ಡಲಾಗಿ 1920 ಪಿಕ್ಸೆಲ್, ಅಂದರೆ ಅಷ್ಟು ಚುಕ್ಕೆ, ಇರುತ್ತದೆ. ಅಪರಿಚಿತನೊಬ್ಬನ ಮುಖವನ್ನು ಗುರುತು ಹಿಡಿಯಲು ಒಂದು ಮೀಟರ್ ಅಗಲಕ್ಕೆ 250 ಪಿಕ್ಸೆಲ್ ಬೇಕು, ಮೊದಲೇ ಗೊತ್ತಿರುವ ವ್ಯಕ್ತಿಯಾದರೆ 125 ಸಾಕು, ಯಾರೋ ಒಬ್ಬರು ಇದ್ದಾರೆ ಎಂದು ತಿಳಿಯಲು 25 ಸಾಕು ಎಂಬುದು ಈ ಕಸುಬಿನಲ್ಲಿ ಬಹುಕಾಲದಿಂದ ಬಳಕೆಯಲ್ಲಿರುವ ಅಳತೆ. 1920ನ್ನು 250ರಿಂದ ಭಾಗಿಸಿದರೆ ಏಳೂವರೆ ಮೀಟರಿಗಿಂತ ತುಸು ಹೆಚ್ಚು. ದೃಶ್ಯದ ಅಗಲ ಅದಕ್ಕಿಂತ ಹೆಚ್ಚಾದರೆ ಮುಖ ಮಸುಕಾಗುತ್ತದೆ. ಕ್ಯಾಮೆರಾದ ನೋಟದ ಕೋನ 90 ಡಿಗ್ರಿ ಎಂದಿಟ್ಟುಕೊಳ್ಳಿ. ಆಗ ದೃಶ್ಯದ ಅಗಲ ದೂರದ ಎರಡರಷ್ಟು. ಅಂದರೆ ನಾಲ್ಕು ಮೀಟರ್ ದಾಟಿದ ಅಪರಿಚಿತನ ಮುಖ ನಿಮಗೆ ನಂಬುವಂತೆ ಸಿಗುವುದಿಲ್ಲ. ಮನೆಬಳಕೆಯ ಎಷ್ಟೋ ಕ್ಯಾಮೆರಾಗಳ ಕೋನ ಇನ್ನೂ ಅಗಲ. ಅವುಗಳಲ್ಲಿ ಮೂರು ಮೀಟರ್ ಕೂಡ ಕಷ್ಟ.

ಈಗ ಎದುರುಮನೆಯ ಅಡುಗೆಮನೆ ಹನ್ನೆರಡು ಮೀಟರ್ ದೂರದಲ್ಲಿದೆ ಎನ್ನೋಣ. ಅಲ್ಲಿ ದೃಶ್ಯದ ಅಗಲ 24 ಮೀಟರ್, ಮೀಟರಿಗೆ 80 ಪಿಕ್ಸೆಲ್. ಒಂದು ಮುಖ ಹನ್ನೆರಡು ಚುಕ್ಕೆಗಳಷ್ಟು ಅಗಲ. ಆ ಚಿತ್ರವನ್ನು ಪೊಲೀಸರಿಗೆ ಕೊಟ್ಟರೆ ಅವರು ಯಾರನ್ನೂ ಹಿಡಿಯಲಾರರು. ಆದರೆ ಆ ಮನೆಯಲ್ಲಿ ಇರುವವರು ಯಾರೆಂದು ನಿಮಗೆ ಮೊದಲೇ ಗೊತ್ತು. ಎಷ್ಟು ಹೊತ್ತಿಗೆ ದೀಪ ಹಚ್ಚಿದರು, ಯಾರು ಒಲೆಯ ಮುಂದೆ ನಿಂತರು, ಯಾರು ಯಾವಾಗ ಹೊರಗೆ ಹೋದರು ಎಂಬುದೆಲ್ಲ ಆ ಹನ್ನೆರಡು ಚುಕ್ಕೆಗಳಲ್ಲಿಯೇ ತಿಳಿಯುತ್ತದೆ. ಕಳ್ಳನನ್ನು ಹಿಡಿಯಲು ಸಾಲದಷ್ಟು ಮಸುಕು, ನೆರೆಯವರ ದಿನಚರಿ ಬರೆದಿಡಲು ಸಾಕಾಗುವಷ್ಟು ಸ್ಪಷ್ಟ. ನಿಮ್ಮ ಎದುರುಮನೆಯವರು ಮುನಿಸಿಕೊಂಡಿರುವುದರಲ್ಲಿ ತಪ್ಪಿಲ್ಲ.

ಸೂರಿನ ಅಂಚಿನ ಎತ್ತರವೂ ಕೆಲಸಕ್ಕೆ ಬಾರದು. ಅಷ್ಟು ಮೇಲಿನಿಂದ ಬಾಗಿಲಿಗೆ ಬಂದವನ ನೆತ್ತಿ ಕಾಣುತ್ತದೆ, ಟೋಪಿ ಹಾಕಿದ್ದರೆ ಟೋಪಿ ಕಾಣುತ್ತದೆ. ಎರಡೂವರೆ ಮೀಟರಿನ ಆಸುಪಾಸಿಗೆ ಇಳಿಸಿ, ಬಾಗಿಲ ಪಕ್ಕದ ಗೋಡೆಗೆ ಕೂರಿಸಿ, ರಸ್ತೆಗೆ ಎದುರಾಗಿ ನೋಡುವ ಬದಲು ಮನೆಯ ಗೋಡೆಯುದ್ದಕ್ಕೆ ನೋಡುವಂತೆ ತಿರುಗಿಸಿ. ಬಾಗಿಲು, ಮೆಟ್ಟಿಲು, ಅಲ್ಲಿಗೆ ಬರುವ ಹಾದಿ ಇಷ್ಟು ಚೌಕಟ್ಟಿನಲ್ಲಿದ್ದರೆ ಬಂದವರ ಮುಖ ಸಿಗುತ್ತದೆ. ಅಡುಗೆಮನೆಯ ಕಿಟಕಿ ತಾನಾಗಿಯೇ ಚೌಕಟ್ಟಿನಿಂದ ಹೊರಗೆ ಹೋಗುತ್ತದೆ. ಗೇಟಿನ ಕ್ಯಾಮೆರಾವೂ ಅಷ್ಟೆ: ಗೇಟಿನ ಅಗಣಿ ಮತ್ತು ಅದನ್ನು ತೆಗೆಯುವವರ ಮುಖ ಸಾಕು, ರಸ್ತೆಯ ಆ ಬದಿ ಬೇಡ.

ತಿರುಗಿಸಿದ ಮೇಲೂ ಮೂಲೆಯಲ್ಲಿ ಬೇರೆಯವರ ಜಾಗ ಒಂದಿಷ್ಟು ಉಳಿದರೆ ಅದನ್ನು ಮುಚ್ಚುವ ಸೌಲಭ್ಯ ಇಂದಿನ ಬಹಳಷ್ಟು ಕ್ಯಾಮೆರಾಗಳ ಸೆಟ್ಟಿಂಗ್ಸ್‌ನಲ್ಲಿದೆ. ‘ಪ್ರೈವೆಸಿ ಮಾಸ್ಕ್’ ಅಥವಾ ‘ಪ್ರೈವೆಸಿ ಝೋನ್’ ಎಂಬ ಹೆಸರಿನಲ್ಲಿರುತ್ತದೆ; ನೀವು ಗೆರೆ ಎಳೆದ ಭಾಗ ಕಪ್ಪಾಗುತ್ತದೆ. ಇಲ್ಲಿ ಜನ ಪದೇಪದೇ ಎಡವುವ ಒಂದು ವಿಷಯವಿದೆ. ‘ಮೋಷನ್ ಝೋನ್’ ಎಂಬುದು ಬೇರೆಯೇ. ಚಲನೆ ಎಲ್ಲಿ ಕಂಡರೆ ಎಚ್ಚರಿಸಬೇಕು ಎಂಬುದನ್ನಷ್ಟೇ ಅದು ತೀರ್ಮಾನಿಸುತ್ತದೆ. ಅದರಾಚೆಯ ಜಾಗವೂ ಚಿತ್ರದಲ್ಲಿ ಎಂದಿನಂತೆ ದಾಖಲಾಗುತ್ತಲೇ ಇರುತ್ತದೆ. ಎದುರುಮನೆಯನ್ನು ಝೋನ್‌ನಿಂದ ತೆಗೆದಿದ್ದೇನೆ ಎಂದು ಪ್ರಾಮಾಣಿಕವಾಗಿ ನಂಬಿ, ಅವರ ಕಿಟಕಿಯನ್ನು ತಿಂಗಳುಗಟ್ಟಲೆ ರೆಕಾರ್ಡ್ ಮಾಡಿದವರನ್ನು ನೋಡಿದ್ದೇನೆ. ಮಾಸ್ಕ್ ಹಾಕಿದ ಮೇಲೆ ಒಂದು ತುಣುಕನ್ನು ಇಳಿಸಿಕೊಂಡು ನೋಡಿ. ಮೊಬೈಲ್ ಪರದೆಯಲ್ಲಿ ಕಪ್ಪಾಗಿದ್ದರೆ ಸಾಲದು, ಉಳಿಸಿದ ರೆಕಾರ್ಡಿಂಗ್‌ನಲ್ಲೂ ಕಪ್ಪಾಗಿರಬೇಕು. ಕ್ಯಾಮೆರಾ ಸುತ್ತ ತಿರುಗುವಂಥದ್ದಾದರೆ ತಿರುಗಿಸಿ ನೋಡಿ. ಕೆಲವು ಮಾದರಿಗಳಲ್ಲಿ ಕಪ್ಪು ಪಟ್ಟಿ ಇದ್ದಲ್ಲೇ ಉಳಿದು ಕಿಟಕಿ ಪಕ್ಕದಿಂದ ಇಣುಕುತ್ತದೆ. ಇಷ್ಟೆಲ್ಲ ರಗಳೆ ಬೇಡವೆನಿಸಿದರೆ ಲೆನ್ಸಿನ ಪಕ್ಕಕ್ಕೆ ಒಂದು ತಗಡಿನ ಮರೆ ಬಿಗಿಯಬಹುದು. ತಗಡಿಗೆ ಸಾಫ್ಟ್‌ವೇರ್ ಅಪ್‌ಡೇಟ್ ಬರುವುದಿಲ್ಲ, ಅದು ಮೋಸ ಮಾಡುವುದೂ ಇಲ್ಲ.

ಇದನ್ನೆಲ್ಲ ಮಾಡಿದ ದಿನ ಎದುರುಮನೆಯವರನ್ನು ಕರೆದು ಪರದೆಯನ್ನು ತೋರಿಸಿ. ನೆರೆಯವರಿಗೆ ಕಾಣುವುದು ಗೋಡೆಯ ಮೇಲಿನ ಒಂದು ಕಪ್ಪು ಕಣ್ಣು ಮಾತ್ರ. ಅದಕ್ಕೆ ಏನು ಕಾಣುತ್ತದೆಂದು ಅವರಿಗೆ ತಿಳಿಯುವ ದಾರಿಯಿಲ್ಲ. ರಾತ್ರಿ ಮಸುಕಾದ ಕೆಂಪು ಚುಕ್ಕೆಗಳು ಬೇರೆ ಹೊಳೆಯುತ್ತವೆ. ಅವು 850 ನ್ಯಾನೋಮೀಟರ್ ತರಂಗಾಂತರದ ಅವಗೆಂಪು (ಇನ್‌ಫ್ರಾರೆಡ್) ದೀಪಗಳು. ಕತ್ತಲೆಯಲ್ಲಿ ಚಿತ್ರ ಮೂಡಲು ಬೇಕು. ‘ಅದು ನಮ್ಮನ್ನು ನೋಡುವಾಗ ಕೆಂಪಗೆ ಹೊಳೆಯುತ್ತದೆ’ ಎಂದು ದೂರಿದ ಅಜ್ಜಿಯೊಬ್ಬರಿಗೆ ಪರದೆ ತೋರಿಸಿದಾಗ ಅವರು ಕೇಳಿದ್ದು, ‘ಇಷ್ಟೇನಾ?’

ಕಾನೂನಿನ ಮಾತು. ಅದು ದೇಶದಿಂದ ದೇಶಕ್ಕೆ ಬೇರೆ, ಆದರೆ ನಿಮ್ಮ ಸೂರಿನ ಕ್ಯಾಮೆರಾಕ್ಕೆ ಹೇಳಿ ಮಾಡಿಸಿದಂಥ ಒಂದು ಪ್ರಕರಣವಿದೆ. ಜೆಕ್ ದೇಶದ ಒಬ್ಬ ಮನೆಯೊಡೆಯರು, ಯಾರೋ ಪದೇಪದೇ ಕಿಟಕಿಯ ಗಾಜು ಒಡೆಯುತ್ತಿದ್ದರೆಂದು, 2007ರಲ್ಲಿ ಸೂರಿನ ಕೆಳಗೆ ಕ್ಯಾಮೆರಾ ಹಾಕಿಸಿದರು. ಅದರಲ್ಲಿ ಅವರ ಬಾಗಿಲಿನ ಜೊತೆಗೆ ಕಾಲುದಾರಿಯೂ ಎದುರುಮನೆಯ ಬಾಗಿಲೂ ಕಾಣುತ್ತಿದ್ದವು. ಒಂದು ರಾತ್ರಿ ಯಾರೋ ಕವಣೆಯಿಂದ ಗಾಜು ಒಡೆದರು, ಕ್ಯಾಮೆರಾದಿಂದ ಇಬ್ಬರು ಶಂಕಿತರು ಪತ್ತೆಯಾದರು. ಅವರಲ್ಲೊಬ್ಬ ‘ನನ್ನನ್ನು ಹೀಗೆ ಚಿತ್ರಿಸುವುದು ಕಾನೂನುಬದ್ಧವೇ?’ ಎಂದು ಪ್ರಶ್ನಿಸಿದ. ವಿಷಯ ಯುರೋಪಿಯನ್ ಒಕ್ಕೂಟದ ನ್ಯಾಯಾಲಯದವರೆಗೂ ಹೋಯಿತು. ಸಾರ್ವಜನಿಕ ಜಾಗವನ್ನು ಚಿತ್ರಿಸುವ ಕ್ಯಾಮೆರಾವನ್ನು ಕೇವಲ ಮನೆಯ ಸ್ವಂತ ವಿಷಯವೆಂದು ಹೇಳಿ ದತ್ತಾಂಶ ರಕ್ಷಣೆಯ ನಿಯಮಗಳಿಂದ ತಪ್ಪಿಸಿಕೊಳ್ಳುವಂತಿಲ್ಲ ಎಂದು ಅದು 2014ರ ಡಿಸೆಂಬರ್‌ನಲ್ಲಿ ತೀರ್ಪಿತ್ತಿತು. ಆಸ್ತಿಯನ್ನೂ ಜೀವವನ್ನೂ ಕಾಪಾಡಿಕೊಳ್ಳುವ ಮನೆಯವರ ಹಿತವನ್ನೂ ತೂಗಿ ನೋಡಬೇಕು ಎಂದೂ ಸೇರಿಸಿತು. ‘ನನ್ನ ಗೋಡೆ, ನನ್ನ ಕ್ಯಾಮೆರಾ, ನನ್ನಿಷ್ಟ’ ಎಂಬ ವಾದ ಎಲ್ಲ ಕಡೆಯೂ ನಿಲ್ಲುವುದಿಲ್ಲ.

ಧ್ವನಿಯ ವಿಷಯವನ್ನು ನೀವು ಕೇಳಿಲ್ಲ, ಬಹುಶಃ ನಿಮ್ಮ ಕ್ಯಾಮೆರಾಗಳಿಗೆ ಕಿವಿಯೂ ಇದೆಯೆಂದು ಗೊತ್ತಿರಲಿಕ್ಕಿಲ್ಲ. ಬಹಳಷ್ಟು ಮಾದರಿಗಳಲ್ಲಿ ಮೈಕ್ ಇರುತ್ತದೆ. ಲೆನ್ಸನ್ನು ತಿರುಗಿಸಬಹುದು, ಮೈಕನ್ನು ತಿರುಗಿಸಲಾಗದು. ಗೇಟಿನ ಹೊರಗೆ ಇಬ್ಬರು ನಿಂತು ಆಡಿದ ಮಾತು, ಅವರು ಚಿತ್ರದಲ್ಲಿ ಇಲ್ಲದಿದ್ದರೂ, ದಾಖಲಾಗುತ್ತದೆ. 2021ರ ಅಕ್ಟೋಬರ್‌ನಲ್ಲಿ ಇಂಗ್ಲೆಂಡಿನ ಆಕ್ಸ್‌ಫರ್ಡ್ ಕೌಂಟಿ ನ್ಯಾಯಾಲಯ ಇಂಥದೇ ನೆರೆಹೊರೆಯ ಜಗಳವೊಂದರಲ್ಲಿ ಚಿತ್ರಕ್ಕಿಂತಲೂ ಧ್ವನಿಮುದ್ರಣವೇ ಹೆಚ್ಚು ತೊಂದರೆಯದು ಎಂದಿತು. ಎಷ್ಟೋ ಕಡೆ ಒಪ್ಪಿಗೆಯಿಲ್ಲದೆ ಬೇರೆಯವರ ಮಾತನ್ನು ಮುದ್ರಿಸುವುದೇ ಅಪರಾಧ. ನಾಲ್ಕೂ ಕ್ಯಾಮೆರಾಗಳ ಮೈಕನ್ನು ಇಂದೇ ಆರಿಸಿ. ಸೈಕಲ್ ಕಳ್ಳ ಮಾತಾಡಿಕೊಂಡು ಬರುವುದಿಲ್ಲ.

ಇನ್ನು ಮನೆಯೊಳಗೆ ಬರೋಣ. ನನಗೆ ಹೆಚ್ಚು ಕಳವಳ ತಂದದ್ದು ಈ ಭಾಗ.

ನಿಮ್ಮ ಮಗಳು ಟವೆಲ್ ಹೊದಿಸುವುದನ್ನು ತಂದೆ ಹಟವೆಂದು ತಿಳಿದಿದ್ದಾರೆ. ಒಂದು ಪ್ರಶ್ನೆ ಕೇಳಿಕೊಳ್ಳಿ: ಟವೆಲ್ ಹೊದಿಸಿರುವುದು ಅವರಿಗೆ ಕಚೇರಿಯಲ್ಲಿ ಕುಳಿತು ತಿಳಿದದ್ದು ಹೇಗೆ? ಕೆಲಸದ ನಡುವೆ ಮೊಬೈಲ್ ತೆರೆದು ನಡುಮನೆಯನ್ನು ನೋಡುತ್ತಾರೆ, ಅದಕ್ಕೆ. ಅವರ ಮನಸ್ಸಿನಲ್ಲಿ ಕೆಟ್ಟದ್ದಿಲ್ಲ, ಇದು ಅಭ್ಯಾಸವಾಗಿಬಿಡುತ್ತದೆ. ಮೊದಲು ಕಳ್ಳನ ಭಯಕ್ಕೆ ನೋಡುತ್ತಾರೆ, ಆಮೇಲೆ ಮನೆಯವರು ಏನು ಮಾಡುತ್ತಿದ್ದಾರೆಂದು ನೋಡುತ್ತಾರೆ, ಆಮೇಲೆ ‘ಇನ್ನೂ ಟಿವಿ ಮುಂದೆ ಯಾಕೆ ಕೂತಿದ್ದಾಳೆ’ ಎಂದು ಫೋನ್ ಬರುತ್ತದೆ. ಹಗಲಿಡೀ ಆ ಕ್ಯಾಮೆರಾದಲ್ಲಿ ದಾಖಲಾಗುವವರು ಕಳ್ಳರಲ್ಲ. ನೀವು, ಮಗಳು, ಅತ್ತೆಯವರು, ಬಂದ ನೆಂಟರು. ಹದಿನಾಲ್ಕರ ಹುಡುಗಿಗೆ ತನ್ನ ಮನೆಯ ನಡುಮನೆಯಲ್ಲಿ ಯಾರೂ ನೋಡದಂತೆ ಕಾಲು ಚಾಚಿ ಕೂರಲು ಆಗದಿದ್ದರೆ ಅವಳು ಕೋಣೆಯ ಬಾಗಿಲು ಹಾಕಿಕೊಳ್ಳುತ್ತಾಳೆ, ನಡುಮನೆ ಬರಿದಾಗುತ್ತದೆ. ಟವೆಲ್ ಆ ಮನೆಯಲ್ಲಿ ಇಲ್ಲದ ಒಂದು ಸ್ವಿಚ್ಚಿನ ಕೆಲಸ ಮಾಡುತ್ತಿದೆ.

ಆ ಸ್ವಿಚ್ಚನ್ನು ಹಾಕಿಸುವುದು ಕಷ್ಟವೇನಲ್ಲ. ಎಲ್ಲರೂ ಹೊರಗೆ ಹೋದಾಗ ಮಾತ್ರ ಕ್ಯಾಮೆರಾ ಚಾಲೂ ಆಗಲಿ, ಒಬ್ಬರು ಒಳಗೆ ಬಂದರೂ ಆರಲಿ. ಮೊಬೈಲ್ ಮನೆಯ ಬಳಿ ಬಂದೊಡನೆ ತಾನಾಗಿ ಆರುವ ಏರ್ಪಾಡು ಹಲವು ಆ್ಯಪ್‌ಗಳಲ್ಲಿದೆ, ಆದರೆ ಅದು ಕೈಕೊಡುವುದನ್ನೂ ಕಂಡಿದ್ದೇನೆ. ಅಲ್ಲದೆ ಅತ್ತೆಯವರು ಮೊಬೈಲ್ ಹಿಡಿದು ಓಡಾಡುವವರಲ್ಲದಿದ್ದರೆ ಅವರು ಮನೆಯಲ್ಲೇ ಇರುವುದು ಅದಕ್ಕೆ ತಿಳಿಯುವುದಿಲ್ಲ. ಬಾಗಿಲ ಬಳಿ ಕೈಗೆ ಸಿಗುವಂತೆ ಕ್ಯಾಮೆರಾದ ವಿದ್ಯುತ್ ಸ್ವಿಚ್ ಇರಿಸುವುದು, ಇಲ್ಲವೇ ಲೆನ್ಸಿನ ಮುಂದೆ ಸರಿಯುವ ಮುಚ್ಚಳವಿರುವ ಮಾದರಿಯನ್ನು ಬಳಸುವುದು ಉತ್ತಮ. ಮುಚ್ಚಿದೆಯೋ ಇಲ್ಲವೋ ಎಂಬುದು ಕೋಣೆಯಲ್ಲಿರುವವರ ಕಣ್ಣಿಗೆ ಕಾಣಬೇಕು. ಆ್ಯಪ್‌ನಲ್ಲಿ ಆರಿಸಿದ್ದೇನೆ ಎಂದು ತಂದೆ ಎಷ್ಟು ಸಲ ಹೇಳಿದರೂ ಮಗಳಿಗೆ ಅದನ್ನು ಪರೀಕ್ಷಿಸುವ ದಾರಿಯಿಲ್ಲ.

ನನ್ನನ್ನು ಕೇಳಿದರೆ ನಿಮ್ಮ ಮನೆಯಲ್ಲಿ ನಡುಮನೆಯ ಕ್ಯಾಮೆರಾವೇ ಬೇಡ. ಅತ್ತೆಯವರು ಸದಾ ಮನೆಯಲ್ಲಿರುತ್ತಾರೆ. ‘ಎಲ್ಲರೂ ಹೊರಗೆ ಹೋದಾಗ’ ಎಂಬ ಹೊತ್ತೇ ಬರುವುದು ಅಪರೂಪ. ಬಾಗಿಲು, ಹಿಂಬಾಗಿಲು ತೆರೆದರೆ ಎಚ್ಚರಿಸುವ ಸಣ್ಣ ಸೆನ್ಸರ್‌ಗಳಿವೆ. ಅವು ಯಾರ ಮುಖವನ್ನೂ ನೋಡದೆ ಅದೇ ಸುದ್ದಿಯನ್ನು ಕೊಡುತ್ತವೆ.

ಅತ್ತೆಯವರ ಕೋಣೆಯ ಬಗ್ಗೆ ಹೆಚ್ಚು ಎಚ್ಚರ ಬೇಕು. ಎಂಬತ್ತು ದಾಟಿದವರು ಬಿದ್ದರೆ ಯಾರಿಗೂ ತಿಳಿಯದೆ ಹೋದೀತೆಂಬ ಭಯ ನಿಜವಾದದ್ದು, ಅದನ್ನು ಹಗುರವಾಗಿ ಕಾಣಲಾರೆ. ಆದರೆ ಅದು ಅವರು ಮಲಗುವ, ಬಟ್ಟೆ ಬದಲಿಸುವ, ಬಹುಶಃ ಇನ್ನೊಬ್ಬರ ಕೈಯಿಂದ ಮೈ ಒರೆಸಿಸಿಕೊಳ್ಳುವ ಕೋಣೆ. ಅಲ್ಲಿ ಕ್ಯಾಮೆರಾ ಇಡುವ ಮೊದಲು ಯಾರಾದರೂ ಅವರನ್ನು ಕೇಳಿದ್ದೀರಾ? ಪತ್ರದಲ್ಲಿ ಆ ಮಾತಿಲ್ಲ. ಅವರು ‘ಬೇಡ’ ಎಂದರೆ ಬೇಡವೇ. ಬೀಳುವ ಭಯಕ್ಕೆ ಬೇರೆ ಉಪಾಯಗಳಿವೆ: ಕೊರಳಿಗೆ ಅಥವಾ ಮಣಿಕಟ್ಟಿಗೆ ಹಾಕಿಕೊಳ್ಳುವ ಕರೆಗುಂಡಿ, ಹಾಸಿಗೆಯಿಂದ ಎದ್ದು ಬಹಳ ಹೊತ್ತು ಮರಳದಿದ್ದರೆ ತಿಳಿಸುವ ಹಾಸು, ಚಿತ್ರ ತೆಗೆಯದೆ ರೇಡಿಯೋ ಅಲೆಗಳಿಂದಲೇ ಬಿದ್ದದ್ದನ್ನು ಪತ್ತೆಹಚ್ಚುವ ರಾಡಾರ್ ಸೆನ್ಸರ್. ಇವು ಯಾವುವೂ ಪರಿಪೂರ್ಣವಲ್ಲ. ಕರೆಗುಂಡಿಯನ್ನು ಹಿರಿಯರು ತೆಗೆದು ಮೊಳೆಗೆ ನೇತುಹಾಕುತ್ತಾರೆ. ಆದರೆ ಕ್ಯಾಮೆರಾವೂ ಬಿದ್ದವರನ್ನು ಎತ್ತುವುದಿಲ್ಲ, ಆ ಹೊತ್ತಿಗೆ ಯಾರಾದರೂ ನೋಡುತ್ತಿದ್ದರೆ ಮಾತ್ರ ಉಪಯೋಗ. ಅವರು ಒಪ್ಪಿದರೆ ಬಾಗಿಲಿನ ಕಡೆಯ ನೆಲ ಮಾತ್ರ ಕಾಣುವಂತೆ ತಗ್ಗಿನಲ್ಲಿಟ್ಟು, ಹಾಸಿಗೆಗೆ ಮಾಸ್ಕ್ ಹಾಕಿ, ರೆಕಾರ್ಡಿಂಗ್ ಆರಿಸಿ, ಬೇಕೆನಿಸಿದಾಗ ನೇರವಾಗಿ ನೋಡುವಂತೆ ಮಾತ್ರ ಇರಿಸಿ. ಬಚ್ಚಲುಮನೆಯ ಬಾಗಿಲು ಚೌಕಟ್ಟಿನಲ್ಲಿ ಬರಲೇಬಾರದು.

ಅವರನ್ನು ನೋಡಿಕೊಳ್ಳುವ ಹೆಂಗಸಿಗೂ ಹೇಳಲೇಬೇಕು. ಎಲ್ಲಿ ಕ್ಯಾಮೆರಾ ಇದೆ, ಯಾತಕ್ಕೆ ಇದೆ, ಯಾರು ನೋಡುತ್ತಾರೆ, ಎಷ್ಟು ದಿನ ಉಳಿಯುತ್ತದೆ ಎಂದು ಬಾಯಿಬಿಟ್ಟು ಹೇಳಿ. ಅವರು ಊಟ ಮಾಡುವ, ವಿಶ್ರಾಂತಿ ಪಡೆಯುವ ಜಾಗದಲ್ಲಿ ಕ್ಯಾಮೆರಾ ಇರಬಾರದು. ‘ಹೇಳಿದರೆ ಹುಷಾರಾಗಿಬಿಡುತ್ತಾರೆ’ ಎಂದು ಗುಟ್ಟಾಗಿ ಇಡಲು ಸಲಹೆ ಕೊಡುವವರಿದ್ದಾರೆ. ಗುಟ್ಟಾಗಿ ನೋಡಬೇಕಾದಷ್ಟು ಅಪನಂಬಿಕೆ ಇರುವವರ ಕೈಗೆ ಅತ್ತೆಯವರನ್ನು ಒಪ್ಪಿಸಿ ಹೋಗುವುದೇ ಸರಿಯೇ ಎಂದು ಆ ಸಲಹೆ ಕೊಟ್ಟವರನ್ನು ಕೇಳಿ.

ಚಿತ್ರ ಎಲ್ಲಿ ಹೋಗಿ ಕೂರುತ್ತದೆ ಎಂಬುದನ್ನು ಚುಟುಕಾಗಿ ಹೇಳುತ್ತೇನೆ. ಕಂಪನಿಯ ಸರ್ವರ್‌ಗೆ ಹೋಗುವ ಚಿತ್ರವನ್ನು ನೋಡಬಲ್ಲವರು ನೀವೊಬ್ಬರೇ ಎಂದು ತಿಳಿಯಬೇಡಿ. 2023ರಲ್ಲಿ ಗ್ರಾಹಕರ ಹಿತ ಕಾಯುವ ಅಮೆರಿಕದ ಸರ್ಕಾರಿ ಸಂಸ್ಥೆ ಫೆಡರಲ್ ಟ್ರೇಡ್ ಕಮಿಷನ್, ಮನೆಯ ಕ್ಯಾಮೆರಾಗಳನ್ನು ಮಾರುವ ರಿಂಗ್ ಕಂಪನಿಯ ಸಿಬ್ಬಂದಿಗೂ ಗುತ್ತಿಗೆದಾರರಿಗೂ ಗ್ರಾಹಕರ ಖಾಸಗಿ ವಿಡಿಯೋಗಳು ಎಟಕುವಂತಿದ್ದವು, ಒಬ್ಬ ಉದ್ಯೋಗಿ ಮಹಿಳೆಯರ ಸಾವಿರಾರು ರೆಕಾರ್ಡಿಂಗ್‌ಗಳನ್ನು ನೋಡಿದ್ದ ಎಂದು ಆರೋಪಿಸಿತು. ಕಂಪನಿ ಹಣ ಕಟ್ಟಿ ರಾಜಿ ಮಾಡಿಕೊಂಡಿತು. ನಿಮ್ಮ ಕ್ಯಾಮೆರಾದಲ್ಲಿ ‘ಎಂಡ್ ಟು ಎಂಡ್ ಎನ್‌ಕ್ರಿಪ್ಷನ್’ ಆಯ್ಕೆಯಿದ್ದರೆ ಹಾಕಿಕೊಳ್ಳಿ. ಆಗ ಕಂಪನಿಗೂ ಬೀಗ ತೆರೆಯಲಾಗದು. ಕೆಲವು ಸೌಲಭ್ಯಗಳು ಕಡಿಮೆಯಾಗುತ್ತವೆ, ಚಿಂತೆಯಿಲ್ಲ. ಮನೆಯಲ್ಲೇ ರೆಕಾರ್ಡರ್ ಇಟ್ಟುಕೊಳ್ಳುವುದು ಇನ್ನೂ ಒಳ್ಳೆಯದು, ಅದನ್ನು ಬೀಗ ಹಾಕಿದ ಕಪಾಟಿನಲ್ಲಿಡಿ. ಕ್ಯಾಮೆರಾದೊಳಗಿನ ಮೆಮೊರಿ ಕಾರ್ಡನ್ನೇ ನಂಬಿದರೆ ಕ್ಯಾಮೆರಾ ಕಿತ್ತೊಯ್ದ ಕಳ್ಳನ ಜೊತೆ ಸಾಕ್ಷಿಯೂ ಹೋಗುತ್ತದೆ.

ಪಾಸ್‌ವರ್ಡಿನ ಉಪದೇಶ ಎಲ್ಲರಿಗೂ ಬೇಸರ, ಆದರೂ ಹೇಳದೆ ವಿಧಿಯಿಲ್ಲ. 2016ರಲ್ಲಿ ಹರಡಿದ ಮಿರಾಯ್ ಎಂಬ ಕುತಂತ್ರಾಂಶ ಕಾರ್ಖಾನೆಯಿಂದ ಬಂದ ಅರವತ್ತು ಚಿಲ್ಲರೆ ಹೆಸರು-ಪಾಸ್‌ವರ್ಡ್ ಜೋಡಿಗಳನ್ನಷ್ಟೇ ಇಟ್ಟುಕೊಂಡು ಲಕ್ಷಾಂತರ ಕ್ಯಾಮೆರಾ, ರೌಟರ್, ರೆಕಾರ್ಡರ್‌ಗಳ ಒಳಹೊಕ್ಕಿತು. ಅವುಗಳ ಒಡೆಯರು ಪಾಸ್‌ವರ್ಡ್ ಬದಲಿಸಿರಲಿಲ್ಲ, ಅಷ್ಟೆ. ಬದಲಿಸಿ, ಎರಡು ಹಂತದ ದೃಢೀಕರಣ ಹಾಕಿ, ಕ್ಯಾಮೆರಾಗಳಿಗೆ ಮನೆಯ ವೈಫೈನಲ್ಲಿ ಬೇರೆ ಗೆಸ್ಟ್ ನೆಟ್‌ವರ್ಕ್ ಕೊಡಿ. ಒಂದೇ ಖಾತೆಯನ್ನು ಮನೆಮಂದಿಯೆಲ್ಲ ಹಂಚಿಕೊಳ್ಳದೆ ಒಬ್ಬೊಬ್ಬರಿಗೆ ಒಂದೊಂದು ಖಾತೆ ಇರಲಿ. ಯಾರ ಫೋನಿನಲ್ಲಿ ಇನ್ನೂ ತೆರೆದಿದೆ ಎಂಬ ಪಟ್ಟಿಯನ್ನು ಆಗಾಗ ನೋಡಿ. ಹಾಕಿಕೊಟ್ಟವನ ಫೋನು ಆ ಪಟ್ಟಿಯಲ್ಲಿ ಉಳಿದಿರುವುದನ್ನು ನಾನು ಒಂದಲ್ಲ, ಹತ್ತು ಮನೆಗಳಲ್ಲಿ ಕಂಡಿದ್ದೇನೆ. ಅಲ್ಲಿ ಯಾರಿಗೂ ದುರುದ್ದೇಶವಿರಲಿಲ್ಲ, ತೆಗೆಯಲು ಯಾರಿಗೂ ನೆನಪಾಗಿರಲಿಲ್ಲ.

ಎಷ್ಟು ದಿನ ಉಳಿಸಬೇಕು? ಸೆಕೆಂಡಿಗೆ 2 ಮೆಗಾಬಿಟ್‌ನಂತೆ ಸದಾ ರೆಕಾರ್ಡ್ ಮಾಡುವ ಒಂದು ಕ್ಯಾಮೆರಾ ದಿನಕ್ಕೆ ಸುಮಾರು 21.6 ಗಿಗಾಬೈಟ್ ತಿನ್ನುತ್ತದೆ. 128 ಗಿಗಾಬೈಟ್ ಕಾರ್ಡು ಆರು ದಿನ ಸಹ ಪೂರ್ತಿ ಬಾಳುವುದಿಲ್ಲ. ಮನೆಗೆ ಒಂದು ವಾರ, ಹೆಚ್ಚೆಂದರೆ ಎರಡು ವಾರ ಸಾಕು, ಆಮೇಲೆ ತಾನಾಗಿ ಅಳಿಯಲಿ. ಸೈಕಲ್ ಹೋದದ್ದು ಮರುದಿನವೇ ತಿಳಿಯುತ್ತದೆ, ಆರು ತಿಂಗಳ ಹಿಂದಿನ ನಡುಮನೆಯ ಚಿತ್ರದಿಂದ ಯಾರಿಗೆ ಏನು ಉಪಯೋಗ? ಮತ್ತೆ ಕಳವಾದರೆ ಆ ತುಣುಕನ್ನು ಅಳಿಯುವ ಮೊದಲೇ ಇಳಿಸಿ, ಕ್ಯಾಮೆರಾದ ಗಡಿಯಾರ ಸರಿಯಿತ್ತೇ ಎಂದು ಬರೆದಿಟ್ಟು, ಪೊಲೀಸರಿಗೆ ಕೊಡಿ. ವಾಟ್ಸ್‌ಆ್ಯಪ್ ಗುಂಪಿಗೆ ಹಾಕಬೇಡಿ. ವಿಳಾಸ ಹುಡುಕಿಕೊಂಡು ಬಂದು ಗೇಟಿನಲ್ಲಿ ಇಣುಕಿ ಹೋದ ಹುಡುಗನೊಬ್ಬನ ಚಿತ್ರ ‘ಕಳ್ಳ’ ಎಂಬ ತಲೆಬರಹದಲ್ಲಿ ಒಮ್ಮೆ ಸುತ್ತಾಡಿದರೆ ಅದನ್ನು ಮರಳಿ ಹಿಡಿದು ತರುವವರಿಲ್ಲ.

ಈ ಭಾನುವಾರ ಪತಿಯ ಜೊತೆ ಏಣಿ ಹಿಡಿದು ಹೊರಡಿ. ಮುಂಬಾಗಿಲಿನ ಕ್ಯಾಮೆರಾ ಕೆಳಗಿಳಿದು ಗೋಡೆಯುದ್ದಕ್ಕೆ ತಿರುಗಲಿ. ನಡುಮನೆಯದನ್ನು ಬಿಚ್ಚಿ ಹಿಂಬಾಗಿಲ ಮೇಲೆ, ಸೈಕಲ್ ನಿಲ್ಲಿಸುವ ಜಾಗಕ್ಕೆ ಮುಖ ಮಾಡಿ ಕೂರಿಸಬಹುದೇ ನೋಡಿ. ಆದರೆ ಒಳಾಂಗಣದ ಕ್ಯಾಮೆರಾ ಮಳೆಗೆ ತಡೆಯುವುದಿಲ್ಲ. ಅದರ ಮೇಲೆ ಐಪಿ65 ಅಥವಾ ಐಪಿ66 ಎಂದು (ದೂಳು, ನೀರು ತಡೆಯುವ ಮಟ್ಟದ ಗುರುತು) ಬರೆದಿಲ್ಲದಿದ್ದರೆ ಹಿತ್ತಲಿಗೆ ಹೊರಾಂಗಣದ್ದೇ ಬೇಕಾಗುತ್ತದೆ. ಕಿಟಕಿಯ ಗಾಜಿನ ಒಳಗಿನಿಂದ ಹೊರಗೆ ನೋಡುವಂತೆ ಇಡಲು ಹೋಗಬೇಡಿ, ರಾತ್ರಿ ಅವಗೆಂಪು ಬೆಳಕು ಗಾಜಿಗೆ ತಾಗಿ ಮರಳಿ ಬಂದು ಪರದೆಯೆಲ್ಲ ಬಿಳಿಯಾಗುತ್ತದೆ. ಎಲ್ಲಿಗೆ ತಿರುಗಿಸಬೇಕೆಂದು ಮೊಬೈಲ್ ಹಿಡಿದು ಕೆಳಗಿನಿಂದ ಹೇಳುವ ಕೆಲಸವನ್ನು ಮಗಳಿಗೆ ಕೊಡಿ. ಕಳೆದದ್ದು ಅವಳ ಸೈಕಲ್ಲಲ್ಲವೇ.